ಎಸ್‌.ಪಿ. ರಸ್ತೆಯ ಯುಎಸ್‌ಬಿ ಕ್ಯಾಸೆಟ್ ಪ್ಲೇಯರ್: ಕೇಳೋಕೆ ಸರಿ, ಉಳಿಸೋಕೆ ಅಲ್ಲ

ಬೆಂಗಳೂರಿನ ಎಸ್‌.ಪಿ. ರಸ್ತೆಯ ಅಂಗಡಿಗಳಲ್ಲಿ ವಾಕ್‌ಮನ್ ಆಕಾರದ ಒಂದು ಡಬ್ಬಿ ಸಿಗುತ್ತದೆ. ಮೇಲೆ ಯಾವ ಹೆಸರು ಅಚ್ಚಾಗಿದ್ದರೂ ಒಳಗಿನ ಮಾಲು ಬಹುತೇಕ ಒಂದೇ. ಕ್ಯಾಸೆಟ್ ಹಾಕಿ, ಯುಎಸ್‌ಬಿ ವೈರು ಲ್ಯಾಪ್‌ಟಾಪ್‌ಗೆ ಚುಚ್ಚಿದರೆ ಹಾಡು ಫೈಲ್ ಆಗುತ್ತದೆ ಎನ್ನುವುದು ಅದರ ಭರವಸೆ. ಕೋಟೆ ಹೈಸ್ಕೂಲ್ ಮೈದಾನದ ರಾಮನವಮಿ ಕಚೇರಿ, ರೇಡಿಯೊದಿಂದ ಹಿಡಿದ ನಾಟಕ, ಅಜ್ಜಿ ಹಾಡಿದ ಸೋಬಾನೆ ಪದ ಇತ್ಯಾದಿ ಇಟ್ಟುಕೊಂಡವರು ಮೊದಲು ಕೈಹಾಕುವುದು ಇದಕ್ಕೇ. ಯಾವ ಕ್ಯಾಸೆಟ್‌ನಲ್ಲಿ ಏನಿದೆ ಎಂದು ಕೇಳಿ ಪಟ್ಟಿ ಮಾಡಲು ಇದು ಧಾರಾಳ ಸಾಕು. ಇನ್ನೆಲ್ಲೂ ಪ್ರತಿ ಇಲ್ಲದ ದನಿಯನ್ನು ಇದರ ಕೈಗೆ ಒಪ್ಪಿಸಬಾರದು.

ತೊಂದರೆಯ ಮೂಲ ಫ್ಲೈವೀಲ್, ಅಂದರೆ ಟೇಪಿನ ಓಟವನ್ನು ಹದದಲ್ಲಿಡುವ ಚಕ್ರ. ಟೇಪು ಸೆಕೆಂಡಿಗೆ 4.76 ಸೆಂ.ಮೀ. ಓಡಬೇಕು, ಆ ಓಟವನ್ನು ಒಂದೇ ಸಮ ಇಡುವುದು ಚಕ್ರದ ತೂಕ. ಹಳೇ ಡೆಕ್‌ಗಳಲ್ಲಿ (ಮನೆಯ ಸ್ಟೀರಿಯೊಗೆ ಜೋಡಿಸುವ ದೊಡ್ಡ ಕ್ಯಾಸೆಟ್ ಯಂತ್ರ) ಅದು ಭಾರವಾದ ಲೋಹದ್ದು. ಇಲ್ಲಿರುವುದು ಹಗುರ, ಪುಟಾಣಿ. ಮಾತು ಕೇಳುವಾಗ ಗೊತ್ತಾಗುವುದಿಲ್ಲ. ವೀಣೆಯ ಮೀಟು ಎಳೆದು ನಿಂತಾಗ, ತಂಬೂರಿಯ ನಾದ ಒಂದೇ ಸಮ ಸಾಗುವಾಗ ನಡುಕ ಎದ್ದು ಕಾಣುತ್ತದೆ. ಈ ನಡುಕವನ್ನು ಆಮೇಲೆ ಸಾಫ್ಟ್‌ವೇರ್‌ನಲ್ಲಿ ತೆಗೆಯುವುದು ತುಂಬಾ ಕಷ್ಟ.

ಇನ್ನೊಂದು, ಒಟ್ಟು ವೇಗವೇ ಹೆಚ್ಚುಕಮ್ಮಿ ಇರುವುದು. 3 ಶೇಕಡಾ ಜಾಸ್ತಿ ಓಡಿದರೆ ಹಾರ್ಮೋನಿಯಂ ಲೆಕ್ಕದಲ್ಲಿ ಶ್ರುತಿ ಅರ್ಧ ಮನೆ ಮೇಲೆ ಹೋಗುತ್ತದೆ. 6 ಶೇಕಡಾ ಆದರೆ ಕರಿ ಒಂದರಲ್ಲಿ ಹಾಡಿದವರು ಬಿಳಿ ಎರಡರಲ್ಲಿ ಹಾಡಿದಂತೆ ಕೇಳಿಸುತ್ತಾರೆ. ಇದನ್ನು ಸರಿಪಡಿಸಬಹುದು. ಗಾಯಕರ ಶ್ರುತಿ ಗೊತ್ತಿದ್ದರೆ ಆಡಾಸಿಟಿ ಎಂಬ ರೆಕಾರ್ಡಿಂಗ್ ಸಾಫ್ಟ್‌ವೇರ್‌ನಲ್ಲಿ ‘ಚೇಂಜ್ ಸ್ಪೀಡ್ ಆಂಡ್ ಪಿಚ್’ (ಹಳೇ ಆವೃತ್ತಿಯಲ್ಲಿ ‘ಚೇಂಜ್ ಸ್ಪೀಡ್’) ಕೊಟ್ಟು ಕೂರಿಸಿ, ‘ಚೇಂಜ್ ಪಿಚ್’ ಮುಟ್ಟಬೇಡಿ. ರೆಕಾರ್ಡಿಂಗ್‌ನೊಳಗೆ ಸೇರಿಕೊಂಡ ಕರೆಂಟಿನ ಗುಂಯ್ ಶಬ್ದವನ್ನು 50 ಹರ್ಟ್ಸ್ ಎಂದು ಹಿಡಿದು ವೇಗ ಅಳೆಯುವ ಉಪಾಯವೂ ಇದೆ. ನಮ್ಮ ಕಡೆಯ ಕ್ಯಾಸೆಟ್‌ಗಳಿಗೆ ಅದು ನಂಬಿಕಸ್ಥ ಅಲ್ಲ: ತೊಂಬತ್ತರ ದಶಕದಲ್ಲಿ ದಕ್ಷಿಣದ ವಿದ್ಯುತ್ ಗ್ರಿಡ್ ಎಷ್ಟೋ ಸಲ 50ಕ್ಕಿಂತ ಸಾಕಷ್ಟು ಕೆಳಗೇ ಓಡುತ್ತಿತ್ತು.

ಜೊತೆಗೆ ಕೊಡುವ ಪುಟ್ಟ ಸಿ.ಡಿ.ಯನ್ನು ಮರೆತುಬಿಡಿ. ಅದನ್ನು ಹಾಕಲು ಈಗಿನ ಲ್ಯಾಪ್‌ಟಾಪ್‌ನಲ್ಲಿ ಜಾಗವೇ ಇಲ್ಲ, ಆಡಾಸಿಟಿ ಹೇಗೂ ಉಚಿತ. ವಿಂಡೋಸ್ ಈ ಪ್ಲೇಯರನ್ನು ಮೈಕ್ ಎಂದು ಗುರುತಿಸುವುದೇ ಹೆಚ್ಚು. ಸೌಂಡ್ ಸೆಟ್ಟಿಂಗ್‌ಗೆ ಹೋಗಿ 2 ಚಾನೆಲ್, 16 ಬಿಟ್, 44100 ಎಂದು ಆರಿಸಿ, ‘ಎನ್‌ಹ್ಯಾನ್ಸ್‌ಮೆಂಟ್’ ಇದ್ದರೆ ಎಲ್ಲವನ್ನೂ ಆಫ್ ಮಾಡಿಬಿಡಿ. ಇಲ್ಲದಿದ್ದರೆ ಸ್ಟೀರಿಯೊ ಮೊನೊ ಆಗುತ್ತದೆ, ಮೃದಂಗದ ಪೆಟ್ಟು ಬಿದ್ದಾಗಲೆಲ್ಲ ಹಾಡು ತಗ್ಗುತ್ತದೆ. ಪಕ್ಕದ ವಾಲ್ಯೂಮ್ ಚಕ್ರವೇ ರೆಕಾರ್ಡಿಂಗ್ ಮಟ್ಟವನ್ನೂ ನಿರ್ಧರಿಸುವ ಮಾದರಿಗಳಿವೆ. ಜೋರಾದ ಭಾಗ ಮೈನಸ್ 6 ಡೆಸಿಬಲ್ ದಾಟದಂತೆ ಇಟ್ಟು, ಮತ್ತೆ ತಿರುಗಿಸದಿರಿ.

ಹಿನ್ನೆಲೆಯಲ್ಲಿ ಸಣ್ಣಗೆ ಕೀಂಯ್ ಎನ್ನುವ ಶಬ್ದ ಬಂದರೆ ಟೇಪಿನದ್ದಲ್ಲ, ಯುಎಸ್‌ಬಿಯದ್ದು. ಅದು ಸೆಕೆಂಡಿಗೆ ಸಾವಿರ ಸಲ ಮಾಹಿತಿ ಕಳಿಸುವುದರಿಂದ 1000 ಹರ್ಟ್ಸ್ ಸುತ್ತ ಈ ಕಿರಿಕಿರಿ. ಯುಎಸ್‌ಬಿ ವೈರು ಕಿತ್ತು ಎರಡು ಎಎ ಸೆಲ್ ಹಾಕಿ, ಹೆಡ್‌ಫೋನ್ ತೂತಿನಿಂದ ಬೇರೆ ಆಡಿಯೊ ಇಂಟರ್‌ಫೇಸ್‌ನ (ದನಿಯನ್ನು ಕಂಪ್ಯೂಟರಿಗೆ ಕಳಿಸುವ ಪೆಟ್ಟಿಗೆ) ಲೈನ್ ಇನ್‌ಗೆ ಕೊಟ್ಟರೆ ಮಾಯ. ಇಂಟರ್‌ಫೇಸ್ ಇರುವವರು ಈ ಪ್ಲೇಯರ್ ಯಾಕೆ ಕೊಳ್ಳಬೇಕು ಅನ್ನುವುದು ಬೇರೆ ಪ್ರಶ್ನೆ.

ಟೇಪಿನ ಸುಯ್ ಸದ್ದು ತಗ್ಗಿಸುವ ಡಾಲ್ಬಿ ಇಲ್ಲ. ಡಾಲ್ಬಿ ಬಿ ಹಾಕಿದ ಕ್ಯಾಸೆಟ್ ಇದರಲ್ಲಿ ಚುರ್ರೆನ್ನುತ್ತದೆ. ಕ್ರೋಮ್ ಟೇಪಿಗೆ ಬೇಕಾದ 70 ಮೈಕ್ರೊಸೆಕೆಂಡ್ ಈಕ್ವಲೈಸೇಷನ್ (ದನಿಯ ಮೇಲಿನ ಭಾಗದ ಹದ) ಕೂಡ ಸಾಮಾನ್ಯವಾಗಿ ಇರುವುದಿಲ್ಲ, ಎಲ್ಲಕ್ಕೂ ಮಾಮೂಲಿ ಟೇಪಿನ 120ರದ್ದೇ. ಆದರೆ ಬೆಂಗಳೂರು ಆಕಾಶವಾಣಿಯ 612 ಕಿಲೋಹರ್ಟ್ಸ್ ಮೀಡಿಯಂ ವೇವ್‌ನಿಂದ ಹಿಡಿದ ಕ್ಯಾಸೆಟ್‌ಗೆ ಇದ್ಯಾವುದೂ ದೊಡ್ಡ ನಷ್ಟವಲ್ಲ. ಅದರಲ್ಲಿ 5 ಕಿಲೋಹರ್ಟ್ಸ್‌ನಿಂದ ಮೇಲೆ ಉಳಿದಿರುವುದೇ ಅಷ್ಟಕ್ಕಷ್ಟೆ, ಮೊನೊ ಬೇರೆ.

ದನಿ ಕಂಬಳಿ ಹೊದ್ದಂತೆ ಕೇಳಿಸಿದರೆ ಮೊದಲು ಟೇಪು ಓದುವ ಹೆಡ್ ಮತ್ತು ಟೇಪು ಎಳೆಯುವ ಕಡ್ಡಿ ಕ್ಯಾಪ್‌ಸ್ಟನ್ ಒರೆಸಿ: ಹತ್ತಿಕಡ್ಡಿ, 99 ಶೇಕಡಾ ಐಸೊಪ್ರೊಪೈಲ್ ಆಲ್ಕೊಹಾಲ್. ಆಮೇಲೂ ಮಂಕಾಗಿದ್ದರೆ ಹೆಡ್ಡಿನ ಪಕ್ಕ ಸ್ಪ್ರಿಂಗ್ ಸುತ್ತಿದ ಸ್ಕ್ರೂ ಇದೆ, ಅದೇ ಹೆಡ್ಡಿನ ಓರೆ (ಅಜಿಮತ್) ಸರಿಪಡಿಸುವುದು. ಮೊನೊದಲ್ಲಿ ಕೇಳುತ್ತಾ ಕಾಲು ಸುತ್ತಿಗಿಂತ ಕಡಿಮೆ ತಿರುಗಿಸಿ ಚುರುಕು ಹೆಚ್ಚಾದಲ್ಲಿ ನಿಲ್ಲಿಸಿ. ರೆಕಾರ್ಡ್ ಮಾಡಿದ ಯಂತ್ರದ ಓರೆ ಬೇರೆ ಬೇರೆ ಇರುವುದರಿಂದ ಪ್ರತಿ ಕ್ಯಾಸೆಟ್‌ಗೂ ಇದನ್ನು ಮಾಡಬೇಕು. ಆಟೊ ರಿವರ್ಸ್ ಇರುವ ಮಾದರಿಯಾದರೆ ಒಂದೇ ದಿಕ್ಕಿನಲ್ಲಿ ಓಡಿಸಿ, ಮಗ್ಗುಲು ಕೈಯಲ್ಲೇ ಬದಲಿಸಿ. ಮಂಕುತನ ಒಂದೇ ಕ್ಯಾಸೆಟ್‌ನಲ್ಲಿದ್ದರೆ ಟೇಪನ್ನು ಹೆಡ್ಡಿಗೆ ಒತ್ತಿಹಿಡಿಯುವ ಒಳಗಿನ ಫೆಲ್ಟ್ ತುಂಡು ಕಳಚಿರಬಹುದು. ಸ್ಕ್ರೂ ಇರುವ ಖಾಲಿ ಕ್ಯಾಸೆಟ್ಟಿನ ಗೂಡಿಗೆ ಟೇಪು ವರ್ಗಾಯಿಸಿ.

ಪಲ್ಲವಿ ಎತ್ತುವ ಮೊದಲೇ, ಒಂದೂವರೆಯಿಂದ ಮೂರು ಸೆಕೆಂಡು ಮುಂಚೆ, ಅದೇ ಸಾಲು ತೆಳುವಾಗಿ ಕೇಳಿಸುವುದುಂಟು. ಅದಕ್ಕೆ ಪ್ಲೇಯರನ್ನು ಬೈಯಬೇಡಿ. ವರ್ಷಗಟ್ಟಲೆ ಸುತ್ತಿಟ್ಟ ಟೇಪಿನಲ್ಲಿ ಒಂದು ಸುತ್ತಿನ ಕಾಂತತೆ ಪಕ್ಕದ ಸುತ್ತಿಗೆ ಇಳಿದಿರುತ್ತದೆ, ಪ್ರಿಂಟ್-ಥ್ರೂ ಎನ್ನುತ್ತಾರೆ. ತೆಳು ಟೇಪಿನ ಸಿ-120ರಲ್ಲಿ (120 ನಿಮಿಷದ ಕ್ಯಾಸೆಟ್) ಹೆಚ್ಚು, ಸಿ-60ರಲ್ಲಿ ಕಡಿಮೆ, ಬಿಸಿ ಜಾಗದಲ್ಲಿಟ್ಟರೆ ಇನ್ನೂ ಹೆಚ್ಚು. ರೆಕಾರ್ಡ್ ಮಾಡುವ ಮುನ್ನ ಎರಡು ಮೂರು ಸಲ ಪೂರ್ತಿ ಮುಂದೆ ಹಿಂದೆ ಸುತ್ತಿದರೆ ಸ್ವಲ್ಪ ತಗ್ಗುತ್ತದೆ. ಈ ಪ್ಲೇಯರಿನ ರಿವೈಂಡ್‌ಗೆ ಅಷ್ಟು ಕಸುವಿಲ್ಲ. ಬಿಗಿಯಾದ ಟೇಪನ್ನು ಪೆನ್ಸಿಲ್ ಹಾಕಿ ಕೈಯಲ್ಲೇ ಸಡಿಲಿಸಿ.

ಉಳಿಸಲೇಬೇಕಾದ ಕ್ಯಾಸೆಟ್‌ಗೆ ಹಳೇ ಡೆಕ್ ಹುಡುಕುವುದೇ ದಾರಿ. ಚಿಕ್ಕಪೇಟೆ ಕಡೆಯ ಸಂಡೇ ಬಜಾರ್‌ನಲ್ಲಿ ಕಂಡರೆ ಬೆಲ್ಟ್ ಕರಗಿ ಡಾಂಬರಿನಂತಾಗಿರುತ್ತದೆ ಎಂದುಕೊಂಡೇ ಚೌಕಾಸಿ ಮಾಡಿ. ಬೆಲ್ಟ್ ಬದಲಾಗುತ್ತದೆ, ಸವೆದ ಹೆಡ್‌ಗೆ ಬದಲಿ ಸಿಗುವುದು ಕಷ್ಟ. ಫೈಲ್ 24 ಬಿಟ್, 96 ಕಿಲೋಹರ್ಟ್ಸ್ ವೇವ್ (.wav) ಇರಲಿ. ಸಿ-90 ಒಂದಕ್ಕೆ 3.1 ಜಿಬಿ ಆಗುತ್ತದೆ, ಎಂಪಿ3 ಅದರಿಂದ ಆಮೇಲೆ ಮಾಡಿಕೊಳ್ಳಿ.

ಇಷ್ಟಾದ ಮೇಲೂ ಯುಎಸ್‌ಬಿ ಡಬ್ಬಿಯೇ ಸಾಕು ಅನ್ನುವವರು ಕಳೆದುಹೋದರೂ ಬೇಸರವಿಲ್ಲದ, ಪಿಟೀಲು ಅಥವಾ ಕೊಳಲಿನ ಒಂದು ಕ್ಯಾಸೆಟ್ ಜೊತೆಗೆ ಒಯ್ಯಿರಿ. ಅಂಗಡಿಯಲ್ಲೇ ಹೆಡ್‌ಫೋನ್ ಹಾಕಿ, ನಿಧಾನದ ಭಾಗ ಐದು ನಿಮಿಷ ಕೇಳಿ. ಒಂದೇ ಮಾದರಿಯ ಎರಡು ಪೀಸಿನಲ್ಲೂ ವೇಗ ಬೇರೆ ಇರುತ್ತದೆ. ಮೂರು ನಾಲ್ಕು ಬಿಚ್ಚಿಸಿ, ನಡುಕ ಕಡಿಮೆ ಇರುವುದನ್ನು ಆರಿಸಿಕೊಳ್ಳಿ.