ಎನ್‌ವಿಡಿಎ: ನನ್ನ ಸಂಬಳದ ಚೀಟಿಯನ್ನು ನಾನೇ ಓದಿಕೊಳ್ಳುವ ತಂತ್ರಾಂಶ

ಕಂಪ್ಯೂಟರ್ ಪರದೆಯ ಮೇಲಿರುವುದನ್ನು ಓದಿ ಹೇಳುವ ಎನ್‌ವಿಡಿಎಯನ್ನು ಏಳೆಂಟು ವರ್ಷಗಳಿಂದ ಬಳಸುತ್ತಿದ್ದೇನೆ. ನನಗೆ ಹುಟ್ಟಿನಿಂದ ಕಣ್ಣು ಕಾಣುವುದಿಲ್ಲ. ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ. ಪ್ರಶ್ನೆಪತ್ರಿಕೆ, ಅಂಕಪಟ್ಟಿ, ಬ್ಯಾಂಕ್ ವ್ಯವಹಾರ ಎಲ್ಲವೂ ಇದರಲ್ಲೇ. ಸಂಬಳ ಎಷ್ಟು ಬಂತು, ಸಾಲದ ಕಂತು ಎಷ್ಟು ಹೋಯಿತು ಎಂಬುದನ್ನು ಈಗ ಯಾರಿಂದಲೂ ಓದಿಸಿಕೊಳ್ಳಬೇಕಾಗಿಲ್ಲ. ಆ ನೆಮ್ಮದಿಗೆ ಬೆಲೆ ಕಟ್ಟಲಾರೆ.

ತಂತ್ರಾಂಶ ಪೂರ್ತಿ ಉಚಿತ. ಆಸ್ಟ್ರೇಲಿಯಾದ ಮೈಕೆಲ್ ಕರನ್ 2006ರಲ್ಲಿ ಇದನ್ನು ಆರಂಭಿಸಿದರು, ಜೇಮ್ಸ್ ಟೆಹ್ ಜೊತೆಗೂಡಿದರು. ಇಬ್ಬರೂ ಅಂಧರೇ. ನಮಗೆ ಏನು ಬೇಕೆಂದು ಬಲ್ಲವರ ಕೆಲಸ ಇದು ಎಂಬುದು ಹೆಜ್ಜೆಹೆಜ್ಜೆಗೂ ತಿಳಿಯುತ್ತದೆ. ವೆಬ್ ಪುಟದಲ್ಲಿ ‘ಎಚ್’ ಒತ್ತಿದರೆ ಮುಂದಿನ ಶೀರ್ಷಿಕೆ, ‘ಟಿ’ ಒತ್ತಿದರೆ ಕೋಷ್ಟಕ, ‘ಬಿ’ ಒತ್ತಿದರೆ ಗುಂಡಿ. ಪೆನ್‌ಡ್ರೈವ್‌ನಲ್ಲಿ ಒಂದು ಪ್ರತಿ ಇಟ್ಟುಕೊಂಡರೆ ಶಾಲೆಯ ಕಂಪ್ಯೂಟರೂ ಮಾತಾಡುತ್ತದೆ.

ಇದರ ಜೊತೆಗೆ ಬರುವ, ಬರಹವನ್ನು ಮಾತಾಗಿಸುವ ಇಸ್ಪೀಕ್ ತಂತ್ರಾಂಶದ ಕನ್ನಡ ಧ್ವನಿ ಯಾಂತ್ರಿಕವಾದದ್ದು, ಮೊದಮೊದಲು ಕಿವಿಗೆ ಒರಟು. ಮನುಷ್ಯರ ಧ್ವನಿಯನ್ನು ಮುದ್ರಿಸಿಕೊಂಡು ಜೋಡಿಸಿದ್ದಲ್ಲ, ಲೆಕ್ಕಾಚಾರದಿಂದ ಹುಟ್ಟಿಸಿದ್ದು. ಆದ್ದರಿಂದಲೇ ವೇಗ ಹೆಚ್ಚಿಸಿದರೂ ಮಾತು ಕಲಸಿಹೋಗುವುದಿಲ್ಲ. ಪ್ರಶ್ನೆಪತ್ರಿಕೆ ತಿದ್ದುವಾಗ ಬಾಣದ ಗುರುತಿನ ಕೀಲಿ ಒತ್ತಿ ಒಂದೊಂದೇ ಅಕ್ಷರ ಕೇಳುತ್ತೇನೆ. ‘ಬೆಳೆ’ ಎಂದಿರಬೇಕಾದಲ್ಲಿ ‘ಬೆಲೆ’ ಎಂದಾಗಿದ್ದರೆ ಅಲ್ಲೇ ಸಿಕ್ಕಿಬೀಳುತ್ತದೆ.

ನನ್ನ ದೊಡ್ಡ ತಕರಾರು ತಂತ್ರಾಂಶದ ಮೇಲಲ್ಲ, ಅದಕ್ಕೆ ಓದಲು ಕೊಡುವ ಕಡತಗಳ ಮೇಲೆ. ಎಷ್ಟೋ ಸುತ್ತೋಲೆಗಳು ಇಂದಿಗೂ ಯೂನಿಕೋಡ್ (ಕನ್ನಡದ ಅಕ್ಷರವನ್ನು ಕಂಪ್ಯೂಟರ್ ಕನ್ನಡವೆಂದೇ ಗುರುತಿಸುವ ಸಂಕೇತ ಕ್ರಮ) ಅಲ್ಲದ ಹಳೆಯ ಫಾಂಟ್‌ಗಳಲ್ಲಿ ಬರುತ್ತವೆ. ನೋಡುವವರಿಗೆ ಅದು ಚೊಕ್ಕ ಕನ್ನಡ. ಕಂಪ್ಯೂಟರಿನ ಒಳಗಿರುವುದು ಮಾತ್ರ ಕನ್ನಡದ ಆಕಾರ ತೊಡಿಸಿದ ಇಂಗ್ಲಿಷ್ ಅಕ್ಷರಗಳು. ‘ಕನ್ನಡ’ ಎಂಬ ಪದ ನನಗೆ ‘ಪಿ, ಎ, ಪೌಂಡ್’ ಎಂದು ಕೇಳಿಸುತ್ತದೆ! ಯೂನಿಕೋಡ್‌ಗೆ ಬದಲಿಸುವ ಪರಿವರ್ತಕಕ್ಕೆ ಹಾಕಿದರೆ ಒತ್ತಕ್ಷರಗಳು ಜಾಗ ತಪ್ಪುವುದುಂಟು. ಕಾಗದವನ್ನು ಸ್ಕ್ಯಾನ್ ಮಾಡಿ ಕಳಿಸಿದ್ದಾದರೆ ಅದೊಂದು ಚಿತ್ರ, ಅಕ್ಷರವೇ ಇಲ್ಲ. ವಿದ್ಯುನ್ಮಾನ ಮಾಹಿತಿಯೂ ನಮಗೆ ಎಟುಕುವ ರೂಪದಲ್ಲಿರಬೇಕು ಎನ್ನುತ್ತದೆ 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ. ರಜೆಯ ಆದೇಶವೊಂದನ್ನು ತಿಳಿಯಲು ಸಹೋದ್ಯೋಗಿಯ ಮೇಜಿನ ಬಳಿ ಹೋಗಿ ನಿಲ್ಲಬೇಕಾದಾಗ ನಿಜಕ್ಕೂ ಸಿಟ್ಟು ಬರುತ್ತದೆ. ಬೆರಳಚ್ಚು ಮಾಡುವವರು ಯೂನಿಕೋಡ್ ಆರಿಸಿಕೊಂಡರೆ ಸಾಕಿತ್ತು.

ಹೊಸದಾಗಿ ಬಳಸುವವರು ಇನ್ಸರ್ಟ್, ಕಂಟ್ರೋಲ್, ‘ವಿ’ ಮೂರನ್ನೂ ಒಟ್ಟಿಗೆ ಒತ್ತಿ ಧ್ವನಿಯ ಆಯ್ಕೆಗೆ ಹೋಗಿ ಕನ್ನಡ ಹಾಕಿಕೊಳ್ಳಿ. ಮೊದಲು ವೇಗ ಕಡಿಮೆ ಇರಲಿ. ಕಿವಿ ಪಳಗಿದಂತೆ ಏರಿಸುತ್ತಾ ಹೋಗಿ.