ವಾದಿ ರಮ್ ಜೀಪ್ ಟೂರ್, ಒಂದು ರಾತ್ರಿ ಉಳ್ಕೊಂಡೇ ಬನ್ನಿ

ಜೋರ್ಡಾನ್‌ಗೆ ಹೋದೋರು ಪೆಟ್ರಾ ಒಂದೇ ನೋಡಿ ವಾಪಸ್ ಬರ್ಬೇಡಿ, ವಾದಿ ರಮ್‌ನಲ್ಲಿ ಮರುಭೂಮಿ ಬುಡಕಟ್ಟಿನ ಬೆದೂಯಿನ್ ಗೈಡ್ ಜೊತೆ ಜೀಪ್ ಟೂರ್ ಮಾಡ್ಲೇಬೇಕು. ಪ್ರಕೃತಿ, ಸಂಸ್ಕೃತಿ ಎರಡಕ್ಕೂ ಸೇರಿ 2011ರಲ್ಲಿ ಯುನೆಸ್ಕೋ ಪಟ್ಟಿಗೆ ಬಂದ ಮರುಭೂಮಿ ಇದು. ಖಝಾಲಿ ಕಣಿವೇಲಿ ನಮ್ ಗೈಡ್ ಬಂಡೆ ಮುಟ್ಟದೇ ಟಾರ್ಚ್ ಓರೆಯಾಗಿ ಬಿಟ್ರು ನೋಡಿ, ಹಳೇ ಕಾಲದೋರು ಕೆತ್ತಿದ ಪಾದದ ಗುರುತು, ಥಮೂದಿಕ್ ಅನ್ನೋ ಪ್ರಾಚೀನ ಅರೇಬಿಯಾ ಲಿಪಿಯ ಅಕ್ಷರ ಎಲ್ಲಾ ಎದ್ದು ಬಂತು, ಮೈ ಜುಮ್ ಅಂತು. ಈ ಬೆಟ್ಟಗಳಲ್ಲಿ ಇಂಥ ಕೆತ್ತನೆ ಚಿತ್ರ ಸುಮಾರು 25,000 ಇವೆ! ರಾತ್ರಿ ಮರಳೊಳಗೆ ಹೂತಿಟ್ಟು ಬೇಯಿಸಿದ ಜರ್ಬ್ ಊಟ, ಕುರಿ ಮಾಂಸ ಎಲುಬಿಂದ ಹಾಗೇ ಬಿಟ್ಕೊಳ್ತಿತ್ತು. ಬೇಜಾರಾಗಿದ್ದು ಒಂದೇ, ಕ್ಯಾಂಪಲ್ಲಿ ದೊಡ್ಡ ಲೈಟ್ ಹಾಕಿಟ್ಟಿದ್ರು, ನಾವು ಕೇಳ್ಕೊಂಡು ಆರಿಸಿದ್ಮೇಲೇ ನಕ್ಷತ್ರ ಕಂಡಿದ್ದು. ಬಂಡೆ ಮೇಲೆ ಹೆಸ್ರು ಕೆತ್ತೋರು ಕಂಡ್ರೆ ದಯವಿಟ್ಟು ತಡೀರಿ. ಚಳಿಗಾಲದಲ್ಲಿ ಹೋಗೋರಿಗೆ ಸ್ವೆಟರ್ ಬೇಕೇ ಬೇಕು.