ಅರ್ಥ ಸರಿ, ಬೇರು ಅರ್ಧ: ದಿನಕ್ಕೊಂದು ಪದ ಕಳುಹಿಸುವ ಆ್ಯಪ್

ದಿನಕ್ಕೊಂದು ಅಪರೂಪದ ಇಂಗ್ಲಿಷ್ ಪದವನ್ನು ಫೋನಿಗೆ ತಲುಪಿಸುವ ನಿಘಂಟು ಆ್ಯಪ್ ಒಂದನ್ನು ಕೆಲವು ತಿಂಗಳಿಂದ ಬಳಸುತ್ತಿದ್ದೇನೆ. ಅದರ ಗುಣವೂ ದೋಷವೂ ಒಂದೇ ನಮೂದಿನಲ್ಲಿ ಕಂಡದ್ದರಿಂದ ಆ ನಮೂದನ್ನೇ ಇಲ್ಲಿ ಪರಿಶೀಲಿಸುತ್ತೇನೆ. ಪದ ‘ಪ್ಯಾಥಮ್ಯಾಟಿಕ್’, ಕೊಟ್ಟಿರುವ ಅರ್ಥ ‘ಎಮೋಷನಲ್’, ಮೂಲ ‘ಗ್ರೀಕ್’.

ಅರ್ಥ ತಪ್ಪಲ್ಲ, ಉಚ್ಚಾರಣೆಯ ಧ್ವನಿಯೂ ಸ್ಪಷ್ಟವಾಗಿದೆ. ಆದರೆ ಮೂಲವನ್ನು ‘ಗ್ರೀಕ್’ ಎಂದಷ್ಟೇ ಹೇಳಿ ಸುಮ್ಮನಾಗುವುದು, ಮನೆ ಎಲ್ಲಿ ಎಂದು ಕೇಳಿದವರಿಗೆ ದೇಶದ ಹೆಸರು ಹೇಳಿದಂತಾಯಿತು. ‘ಪಾಸ್ಖೈನ್’ ಎಂಬ ಗ್ರೀಕ್ ಕ್ರಿಯಾಪದಕ್ಕೆ ಅನುಭವಿಸು, ಬಂದೊದಗಿದ್ದಕ್ಕೆ ಒಳಗಾಗು ಎಂಬ ಅರ್ಥವಿದೆ. ಅದರ ‘ಪಥ್’ ಧಾತುವಿನಿಂದ, ಕ್ರಿಯೆಯ ಫಲವನ್ನು ಸೂಚಿಸುವ ‘ಮ’ ಪ್ರತ್ಯಯದೊಡನೆ, ‘ಪಥೇಮ’ ಎಂಬ ನಾಮಪದ ಹುಟ್ಟುತ್ತದೆ. ‘ಡ್ರಾಮಾ’ ವಿಶೇಷಣವಾಗುವಾಗ ನಡುವೆ ತಕಾರ ಇಣುಕಿ ‘ಡ್ರಾಮ್ಯಾಟಿಕ್’ ಆದಂತೆಯೇ ‘ಪಥೇಮ’ವೂ ‘ಪ್ಯಾಥಮ್ಯಾಟಿಕ್’ ಆಗಿದೆ. ಪ್ರಾಚೀನ ಗ್ರೀಕ್ ಇತಿಹಾಸಕಾರ ಹೆರೊಡೋಟಸನ ಇತಿಹಾಸದ ಮೊದಲ ಸಂಪುಟದಲ್ಲಿ, ರಾಜ್ಯ ಕಳೆದುಕೊಂಡ ಕ್ರೀಸಸ್ ದೊರೆ ತನ್ನ ‘ಪಥೇಮತ’ಗಳೇ ತನಗೆ ‘ಮಥೇಮತ’ಗಳಾದವು, ಅಂದರೆ ಪಟ್ಟ ಪಾಡುಗಳೇ ಪಾಠಗಳಾದವು ಎಂದು ತನ್ನನ್ನು ಗೆದ್ದ ಪರ್ಷಿಯಾದ ದೊರೆ ಸೈರಸ್‌ನಿಗೆ ಹೇಳುತ್ತಾನೆ. ಗಣಿತದ ಇಂಗ್ಲಿಷ್ ಹೆಸರು ಈ ಎರಡನೆಯ ಪದದಿಂದಲೇ ಬಂದಿದೆ. ಅರಿಸ್ಟಾಟಲನು ದುರಂತ ನಾಟಕದ ವ್ಯಾಖ್ಯೆಯಲ್ಲಿ ಕರುಣೆ ಮತ್ತು ಭಯಗಳನ್ನು ಕುರಿತು ಬಳಸಿದ್ದೂ ‘ಪಥೇಮ’ವನ್ನೇ.

‘ಎಮೋಷನ್’ ಪದದ ಲ್ಯಾಟಿನ್ ಬೇರಿನಲ್ಲಿರುವುದು ಹೊರಕ್ಕೆ ಚಲಿಸುವ ಭಾವ. ‘ಪಥೇಮ’ದಲ್ಲಿರುವುದು ನಮ್ಮ ಮೇಲೆ ಬಂದೆರಗುವ ಭಾವ. ಈ ವ್ಯತ್ಯಾಸ ಕನ್ನಡಿಗರಿಗೆ ಹೊಸದೇನಲ್ಲ. ನಾವು ದುಃಖಪಡುತ್ತೇವೆ, ಭಯಪಡುತ್ತೇವೆ, ನಾಚಿಕೆಪಡುತ್ತೇವೆ, ಸಂತೋಷವನ್ನೂ ಪಡುತ್ತೇವೆ. ಆ ‘ಪಡು’ವಿನಿಂದಲೇ ‘ಪಾಡು’ ಬಂದಿದೆ. ‘ಪಥ್’ ಮತ್ತು ‘ಪಡು’ಗಳ ಧ್ವನಿಯ ಹೋಲಿಕೆ ಆಕಸ್ಮಿಕ, ಏಕೆಂದರೆ ‘ಪಡು’ ದ್ರಾವಿಡ ಧಾತು. ಆದರೂ ಎರಡು ಭಾಷೆಗಳು ಭಾವನೆಯನ್ನು ಒಂದೇ ಬದಿಯಿಂದ ನೋಡಿವೆ. ‘ಪ್ಯಾಥಮ್ಯಾಟಿಕ್’ ಪದವನ್ನು ‘ಭಾವನಾತ್ಮಕ’ ಎನ್ನುವುದಕ್ಕಿಂತ ‘ಪಡುವಿಕೆಗೆ ಸಂಬಂಧಿಸಿದ’ ಎಂದರೆ ಬೇರಿಗೆ ಹತ್ತಿರವಾಗುತ್ತದೆ.

ಉದಾಹರಣೆಯ ವಾಕ್ಯವಂತೂ ದಾರಿ ತಪ್ಪಿಸುವಂತಿದೆ. ಮಾತುಮಾತಿಗೆ ಕಣ್ಣೀರು ಹಾಕುವ ವ್ಯಕ್ತಿಯನ್ನು ಅಲ್ಲಿ ‘ಪ್ಯಾಥಮ್ಯಾಟಿಕ್’ ಎಂದು ಕರೆಯಲಾಗಿದೆ. ಅಂಥವರಿಗೆ ‘ಭಾವುಕ’ ಎಂಬ ಪದವಿದೆ. ‘ಪ್ಯಾಥಮ್ಯಾಟಿಕ್’ ಎಂಬುದು ಮನಸ್ಸಿನ ಸ್ಥಿತಿಗೂ ಭಾವನೆಯಿಂದ ಉಂಟಾದುದಕ್ಕೂ ಹೊಂದುವ ಶಾಸ್ತ್ರೀಯ ವಿಶೇಷಣ. ಸಂಬಂಧಿತ ಪದವೆಂದು ‘ಪ್ಯಾಥೆಟಿಕ್’ ಅನ್ನು ತೋರಿಸಿರುವುದು ಸರಿಯೇ, ಬೇರು ಒಂದೇ. ಆದರೆ ಆ ಪದ ಇಂದು ಕನಿಕರ, ತಾತ್ಸಾರಗಳ ಕಡೆಗೆ ಜಾರಿರುವುದನ್ನು ಒಂದು ಸಾಲಿನಲ್ಲಾದರೂ ಹೇಳಬೇಕಿತ್ತು.

ಪದಗಳ ಆಯ್ಕೆಗೆ ಪೂರ್ಣ ಅಂಕ ಕೊಡಬಹುದು, ವಿವರಣೆಗೆ ಅರ್ಧ. ಒಟ್ಟಿನಲ್ಲಿ ಐದಕ್ಕೆ ಮೂರು. ಜೊತೆಗೊಂದು ವ್ಯುತ್ಪತ್ತಿ ಕೋಶ ಇಟ್ಟುಕೊಳ್ಳುವ ಅಭ್ಯಾಸವಿರುವವರು ಮಾತ್ರ ಈ ಆ್ಯಪ್ ಹಾಕಿಕೊಳ್ಳಬಹುದು.